ಮಸಿನಾಡಿನ ರಾಣಿ

ಮೇಧಾಳ ಅಜ್ಜನವರಿಗೆ,

ನೀವು ತೀರಿಕೊಂಡ ಮೇಲೆ ನಾನು ಕಟ್ಟಿಟ್ಟಿದ್ದ ನೋಟ್‌ಬುಕ್ಕಿನಿಂದ ನಿಮ್ಮ ಮಸಿನಾಡಿನ ಕಥೆಯನ್ನು ಇಂದು ಮೊಮ್ಮಗಳು ಓದಿ ಹೇಳಿದಳು. ಕಾಗದನಗರದ ಕ್ವಾರ್ಟರ್ಸ್‌ನಲ್ಲಿ ನೀವು ಅದನ್ನು ಬರೆಯುವಾಗ, ಆ ನಾಡಿನ ಬೀದಿಗಳಿಗೆಲ್ಲ ಪುಸ್ತಕ ಹಾಸಿದೆ ಎಂದಿರಿ. "ಪುಸ್ತಕದ ಮೇಲೆ ಕಾಲಿಡ್ತಾರೇನ್ರೀ?" ಎಂದು ಗದರಿ ಎದ್ದು ಹೋಗಿದ್ದೆ. ಆಮೇಲೆ ನೀವು ಹೇಳಲಿಲ್ಲ, ನಾನೂ ಕೇಳಲಿಲ್ಲ.

ಬೀದಿಗಳನ್ನೆಲ್ಲ ಹೊಡೆದುಹಾಕಿ ಮಸಿಯ ಕಾಲುವೆ ಮಾಡಿದ್ದೀರಿ. ಜನ ದೋಣಿಯಲ್ಲಿ ಓಡಾಡುತ್ತಾರೆ. ನನ್ನ ತವರು ಶಿವಮೊಗ್ಗದ ಕೋಟೆಯಿಂದಲೇ ಮದುವೆಯಾಗಿ ಬಂದ ರಾಣಿಯ ಅಪ್ಪಣೆಯಂತೆ.

"ಅಜ್ಜಿ, ಈ ಸಿಡುಕಿ ರಾಣಿ ನೀನೇ ಮಾರಾಯ್ತಿ!"

"ರಾಣಿ ಹೇಳಿದ್ರಲ್ಲಿ ತಪ್ಪೇನಿದೆ?" ಎಂದೆ.

ನನ್ನ ಒಂದು ಮಾತಿಗೆ ನಾಡನ್ನೇ ತಿದ್ದಿದ್ದೀರಿ. ದೊಡ್ಡ ಮನಸ್ಸು ನಿಮ್ಮದು.

ಮೇಧಾ ನಗುವಾಗ ನೋಟ್‌ಬುಕ್ ಜಾರಿ ನನ್ನ ಪಾದಕ್ಕೆ ತಾಗಿತು. ಎತ್ತಿ ಕಣ್ಣಿಗೊತ್ತಿಕೊಂಡೆ. "ಸಾಕು ಅಜ್ಜಿ, ಕೊಡು" ಎಂದು ಅವಳು ಎರಡು ಸಲ ಕೇಳಬೇಕಾಯಿತು.

ನಿಮ್ಮ
ಭವಾನಿ