ಮುನಿಶಾಮಿಯ ಕೆಮ್ಮಿಗೆ ಹೊಗೆಸೊಪ್ಪೇ ಹೊಣೆಯೇ?

ಮಾನ್ಯ ಗಣಿ ವೈದ್ಯಾಧಿಕಾರಿಗಳೇ,

ನನ್ನ ತಂಗಿ ಕದಿರಮ್ಮನ ಗಂಡ ಮುನಿಶಾಮಿ ಸೋಮವಾರ ಮತ್ತೆ ಚಿನ್ನದ ಗಣಿಯ ಆಳಕ್ಕೆ ಇಳಿಯಬೇಕೆಂದು ತಾವು ಅಪ್ಪಣೆ ಕೊಟ್ಟಿದ್ದೀರಿ. ಉರಿಗಾಂನ ಕಾರ್ಮಿಕರ ಲೈನುಮನೆಯಿಂದ ಬೀದಿ ನಲ್ಲಿಗೆ ಹೋಗುವಷ್ಟರಲ್ಲಿ ಕೂತು ಕೂತು ಉಸಿರು ಹುಡುಕುವ ಮನುಷ್ಯ ಅವನು. ನೆಲದ ಮೇಲಿನ ಕೆಲಸ ಕೊಡಿಸಿ ಎಂದು ಬೇಡಿದ್ದಕ್ಕೆ ತಾವು ಅವನ ಕಪ್ಪುಗಟ್ಟಿದ ಹಲ್ಲು ನೋಡಿ, ‘ಇದು ಹೊಗೆಸೊಪ್ಪಿನ ಕೆಮ್ಮು, ಗಣಿಗೂ ಇದಕ್ಕೂ ಸಂಬಂಧವಿಲ್ಲ’ ಎಂದಿರಿ. ಹಲ್ಲು ನೋಡಿ ನಿರ್ಧರಿಸುವ ವಿದ್ಯೆ ದನದ ಸಂತೆಯದೆಂದು ತಿಳಿದಿದ್ದೆ. ತಮ್ಮ ಆಸ್ಪತ್ರೆಯಲ್ಲೂ ಅದು ನಡೆಯುತ್ತದೆಂದು ಈಗ ತಿಳಿಯಿತು.

ನಾನು ಬಂಗಾರಪೇಟೆಯಲ್ಲಿ ಹೊಗೆಸೊಪ್ಪು ಮಾರುವವನು. ಅದು ಅಮೃತವೆಂದು ವಾದಿಸಲು ಬಂದಿಲ್ಲ. ಆದರೆ ಮುನಿಶಾಮಿ ಜನ್ಮದಲ್ಲಿ ಬೀಡಿ ಹಚ್ಚಿದವನಲ್ಲ. ಬಂಡೆ ಕೊರೆಯುವಾಗ ಬಾಯಿಗೆ ಅಡರುವ ಧೂಳನ್ನು ಉಗುಳಲು ಒಂದು ಚೂರು ಸೊಪ್ಪು ದವಡೆಗಿಟ್ಟುಕೊಳ್ಳುತ್ತಿದ್ದ, ಅಷ್ಟೆ. ತಮ್ಮ ಮಾತಿಗೆ ತಲೆಬಾಗಿ ಸಂಕ್ರಾಂತಿಗೆ ಅದನ್ನೂ ಬಿಟ್ಟ. ಯುಗಾದಿ ಕಳೆದರೂ ಕೆಮ್ಮು ಅವನನ್ನು ಬಿಡಲಿಲ್ಲ.

ಕಳೆದ ಶನಿವಾರ ಮೈದಾನದಲ್ಲಿ ಬಿಳಿ ಪರದೆ ಕಟ್ಟಿ ಕಾರ್ಮಿಕರಿಗೆ ತಂಬಾಕಿನ ಬಗ್ಗೆ ಸಾಕ್ಷ್ಯಚಿತ್ರ ತೋರಿಸಿದಿರಿ. ಅಧ್ಯಕ್ಷತೆ ತಮ್ಮದೇ. ತಂಗಿಯ ಮನೆಗೆ ಬಂದಿದ್ದ ನಾನೂ ಅಲ್ಲಿದ್ದೆ. ತಂಬಾಕು ಉದ್ಯಮದ ತಜ್ಞರೊಬ್ಬರು ಕೋಟು ತೊಟ್ಟು ಪರದೆಯ ಮೇಲೆ ಬಂದರು. ಎಲೆ ಬಿಡಿಸುವುದು, ಬೇಯಿಸುವುದು, ಹದ ಮಾಡುವುದು ಎಲ್ಲವನ್ನೂ ಚೆನ್ನಾಗಿಯೇ ವಿವರಿಸಿದರು. ಕೊನೆಗೆ, ‘ನಾನು ಆಯುಷ್ಯವೆಲ್ಲ ತಂಬಾಕಿನ ನಡುವೆಯೇ ಕಳೆದವನು, ನನ್ನ ಎದೆ ನೋಡಿ’ ಎಂದು ಎದೆ ತಟ್ಟಿಕೊಂಡು, ಇದು ದುಡಿಯುವವನ ದಣಿವಾರಿಸುವ ನಿರಪಾಯದ ಎಲೆ ಎಂದು ಸಾರಿದರು. ಮೊದಲ ಚಪ್ಪಾಳೆ ಯಾರದು ಸ್ವಾಮಿ? ಮುಂದಿನ ಸಾಲಿನಲ್ಲಿದ್ದ ತಮ್ಮದು!

ಆಗ ನನ್ನ ತಂಗಿ ಎದ್ದು ನಿಂತಳು. “ಸಾಮಿ, ಒಗೆಸೊಪ್ಪಿಂದ್ಲೇ ಕೆಮ್ಮಲು ಅಂತ ನೀವೇ ಏಳಿದ್ರಿ. ಈ ದೊರೆ ನೋಡಿದ್ರೆ ಏನೂ ಆಗಲ್ಲ ಅಂತವ್ರೆ. ಅಂಗಾದ್ರೆ ನನ್ ಗಂಡನ ಎದ್ಯಾಗೆ ಕುಂತಿರಾದು ಏನು?”

“ಸಿನಿಮಾ ಬೇರೆ, ಆಸ್ಪತ್ರೆ ಬೇರೆ ಕಣಮ್ಮ. ಕೂತ್ಕೊ,” ಎಂದಿರಿ. ಪಕ್ಕದವರು ನಕ್ಕರು. ಅವಳು ಕೂರಲಿಲ್ಲ, ಗಂಡನ ರಟ್ಟೆ ಹಿಡಿದು ಮನೆಗೆ ನಡೆಸಿಕೊಂಡು ಹೋದಳು. ಆ ನಗು ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ.

ಆಸ್ಪತ್ರೆಯಲ್ಲಿ ಸೊಪ್ಪನ್ನು ಬೈದವರೇ ಮೈದಾನದಲ್ಲಿ ಅದರ ಹೊಗಳಿಕೆಗೆ ಕೈ ತಟ್ಟಬಹುದೇ? ತಜ್ಞರ ಮಾತು ಸುಳ್ಳಾದರೆ ಚಪ್ಪಾಳೆ ಏಕೆ? ನಿಜವಾದರೆ, ಸೊಪ್ಪು ನಿರಪರಾಧಿಯಾದ ಮೇಲೆ ಉಳಿಯುವುದು ತಮ್ಮ ಗಣಿಯ ಧೂಳೊಂದೇ ಅಲ್ಲವೇ? ಅತ್ತ ದರಿ, ಇತ್ತ ಪುಲಿ ಎಂಬ ಗಾದೆ ಬಡವನಿಗೆ ಮಾತ್ರ ಏಕೆ, ಒಮ್ಮೆ ತಾವೂ ಅನುಭವಿಸಿ ನೋಡಿ.

ನನ್ನ ಬೇಡಿಕೆ ಇಷ್ಟೆ. ಸೋಮವಾರಕ್ಕೆ ಮುಂಚೆ ಮುನಿಶಾಮಿಯ ಎದೆ ಪರೀಕ್ಷಿಸಿ, ಅವನನ್ನು ನೆಲದ ಮೇಲಿನ ಕೆಲಸಕ್ಕೆ ಹಾಕಿ. ನಾನು ಮಾರುವ ಸೊಪ್ಪಿನ ಪಾಪ ಎಷ್ಟಿದೆಯೋ ನಾನು ಹೊರುತ್ತೇನೆ. ತಮ್ಮ ಧೂಳಿನ ಪಾಪವನ್ನೂ ನನ್ನ ಅಂಗಡಿಗೆ ಹೊರಿಸಿ ನನ್ನ ತಂಗಿಯನ್ನು ಮುಂಡೆ ಮಾಡಬೇಡಿ.

ಇಂತಿ,
ತಮ್ಮ ಗಣಿಯ ಕೆಮ್ಮುಗಳಿಗೆಲ್ಲ ಏಕೈಕ ಆರೋಪಿ,
ಶ್ರೀರಾಮಪ್ಪ
ಹೊಗೆಸೊಪ್ಪಿನ ವ್ಯಾಪಾರಿ, ಬಂಗಾರಪೇಟೆ
ಏಪ್ರಿಲ್ ೧೯೬೧