ಸಿಂಹದ ಕೆಳಗಿನ ಮಸುಕು

ಶೋವಾ 59 (1984), ನವೆಂಬರ್ 9, ಶುಕ್ರವಾರ
ಕುರೊಸೆ ಬಂದರು, ಸಾಣೆ ಅಂಗಡಿ

ಮಗಳು ಕಿನುಯೆಗೆ, ಅಪ್ಪ ಗೊನ್ಜೊ ಬರೆಯುವುದು.

ಕಾಗದ ಎಂದ ಮೇಲೆ ಮೊದಲು ಹವೆಯ ಮಾತು ಬರೆಯಬೇಕಂತೆ. ಚಳಿ ಬಿದ್ದಿದೆ, ಮೊಣಕಾಲು ನೋಯುತ್ತದೆ. ಹವೆಯ ಮಾತು ಮುಗಿಯಿತು.

ನಿನ್ನ ಕಾಗದ ಮಂಗಳವಾರ ಬಂತು. ಹದಿನಾಲ್ಕು ವರ್ಷಕ್ಕೆ ಒಂದು ಕಾಗದ, ಅದರಲ್ಲೂ ಅಳು. ಓದಿ ಮುಗಿಸಿ ಸಾಣೆಕಲ್ಲನ್ನು ಗೋಡೆಗೆ ಎಸೆದೆ. ಗೋಡೆ ಒಡೆಯಿತು, ಕಲ್ಲು ಒಡೆಯಲಿಲ್ಲ. ಕಾಲೇಜು ಓದಿದವಳು ನೀನು, ನಾನು ನಾಲ್ಕನೇ ತರಗತಿಗೇ ಶಾಲೆ ಬಿಟ್ಟು ಕತ್ತಿ ಮಸೆಯಲು ಕುಳಿತವನು. ಆದರೂ ಕತ್ತೆ ನೀನೇ.

ರೇಜಿ ತನ್ನ ಪುಸ್ತಕವನ್ನು ತಿದ್ದಿ ಮತ್ತೆ ಅಚ್ಚು ಹಾಕಿಸುತ್ತಿದ್ದಾನೆ, ಮೊದಲ ಪುಟದಲ್ಲಿ ‘ನನಗೆ ಮೊದಲ ಗ್ಯಾಲಕ್ಸಿ ಪುಸ್ತಕ ಕೊಟ್ಟ ಹೆಂಡತಿಗೆ’ ಎಂದು ಹಾಕುತ್ತಾನೆ ಎಂದು ಬರೆದಿದ್ದೀಯ. ಅದನ್ನು ನೋಡಿದಾಗಿನಿಂದ ನಿನಗೆ ಸುಮ್ಮನಿರಲಾಗುತ್ತಿಲ್ಲವಂತೆ. ಭಾನುವಾರ ಅವನ ಮುಂದೆ ಕುಳಿತು, ‘ಆ ಬೆಳಿಗ್ಗೆ ಅಪ್ಪನಿಗೆ ಸುಳ್ಳು ಹೇಳಿದ್ದು ನಾನು, ನಿಮ್ಮ ಕಣ್ಣು ಹೋಗಿದ್ದು ನನ್ನಿಂದ’ ಎನ್ನುತ್ತೀಯ. ಆಮೇಲೆ ಮನೆಯಲ್ಲಿ ಇಟ್ಟುಕೊಳ್ಳುವುದು ಬಿಡುವುದು ಅವನ ಇಷ್ಟ. ಗಂಟು ಕೂಡ ಕಟ್ಟಿಟ್ಟಿದ್ದೀಯ.

ಗಂಟು ಬಿಚ್ಚು. ನೀನು ಆ ಬೆಳಿಗ್ಗೆಯನ್ನು ಒಂದು ಕಡೆಯಿಂದ ಮಾತ್ರ ನೋಡಿದ್ದೀಯ. ನಿನಗೆ ಗೊತ್ತಿರುವುದನ್ನೂ ಸೇರಿಸಿ ಮೊದಲಿನಿಂದ ಬರೆಯುತ್ತೇನೆ. ನಡುವೆ ಬಿಟ್ಟು ಬರೆದರೆ ನನ್ನ ಕೈ ನನಗೆ ಬೇಕಾದ ಕಡೆ ತಿರುಗಿಕೊಳ್ಳುತ್ತದೆ.

ಗಾಜು ಉಜ್ಜಿ ಕನ್ನಡಿ ಮಾಡುವುದನ್ನು ನಾನು ಪುಸ್ತಕದಿಂದ ಕಲಿಯಲಿಲ್ಲ. ಕತ್ತಿ ಮಸೆಯಲು ಬಂದ ಕೈಗೆ ಅದು ತಾನಾಗಿ ಬಂತು. ಗಾಜಿನ ಮೇಲೆ ಗಾಜು, ನಡುವೆ ಕಲ್ಲಿನ ಪುಡಿ, ನೀರು, ಅವನ್ನು ಪೀಪಾಯಿಯ ಮೇಲಿಟ್ಟು ಉಜ್ಜುತ್ತ, ಅದರ ಸುತ್ತ ನಡೆಯುತ್ತ ಮೂರು ತಿಂಗಳು. ಆ ಕನ್ನಡಿಯಿಂದ ದೂರದರ್ಶಕ ಮಾಡಿ ಹದಿನೆಂಟು ವರ್ಷ ಧೂಮಕೇತು ಹುಡುಕಿದೆ. ಮೊದಲು ಕಂಡವನ ಹೆಸರನ್ನು ಅದಕ್ಕೆ ಇಡುತ್ತಾರೆ, ಹೆಚ್ಚೆಂದರೆ ಮೂವರ ಹೆಸರು. ಮೀನು ಕೊಯ್ಯುವ ಕತ್ತಿ ಮಸೆಯುವವನ ಹೆಸರು ಆಕಾಶದಲ್ಲಿ! ನಗಬೇಡ. ಆ ಆಸೆಯಲ್ಲೇ ನಿನ್ನ ಅಮ್ಮ ಸತ್ತ ವರ್ಷವನ್ನೂ ಕಳೆದೆ.

ಕಷ್ಟವೇನೆಂದರೆ, ಗ್ಯಾಲಕ್ಸಿಯೂ ಸಣ್ಣ ದೂರದರ್ಶಕದಲ್ಲಿ ಧೂಮಕೇತುವಿನ ಹಾಗೇ ಕಾಣುತ್ತದೆ. ಗಾಜಿಗೆ ಉಸಿರು ಬಿಟ್ಟಷ್ಟು ಮಸುಕು. ಮಸುಕು ಕಂಡರೆ ಎರಡು ಕೆಲಸ ಮಾಡಲೇಬೇಕು. ಅಲ್ಲಿ ಗ್ಯಾಲಕ್ಸಿ ಇದೆಯೇ ಎಂದು ಪುಸ್ತಕದಲ್ಲಿ ನೋಡಬೇಕು. ಒಂದು ಗಂಟೆ ಕಾದು, ಅದು ಜರುಗಿತೇ ಎಂದು ನೋಡಬೇಕು. ಜರುಗಿದರೆ ಧೂಮಕೇತು. ಜರುಗದಿದ್ದರೆ ಬಾಯಿ ಮುಚ್ಚಿಕೊಂಡು ಮಲಗಬೇಕು.

ಅದಕ್ಕೇ ಆ ದಪ್ಪ ಪುಸ್ತಕ ತರಿಸಿದ್ದು. ಅದರ ಅಕ್ಷರ ನನಗೆ ಹತ್ತುತ್ತಿರಲಿಲ್ಲ. ನಾನು ಮಾಡಿನ ಮೇಲಿನಿಂದ ಕೂಗುವುದು, ನೀನು ಒಳಗೆ ದೀಪದ ಬಳಿ ಪುಟ ತಿರುಗಿಸಿ ಹೇಳುವುದು. ನಿನಗೆ ಹನ್ನೊಂದು ತುಂಬಿದಾಗಿನಿಂದ ಹಾಗೇ ನಡೆದಿತ್ತು. ಒಂದು ಸಲವೂ ತಪ್ಪು ಹೇಳಿರಲಿಲ್ಲ ನೀನು.

ಆ ವರ್ಷ ಬೇಸಿಗೆಯಲ್ಲಿ ಹೆಂಚಿನ ಕಾರ್ಖಾನೆಯ ಹೊಗೆಕೊಳವೆ ಕೆಡವಿದರು. ಪೂರ್ವಕ್ಕೆ ಒಂದು ಪಟ್ಟಿ ಆಕಾಶ ತೆರೆದುಕೊಂಡಿತು. ಹದಿನೆಂಟು ವರ್ಷದಲ್ಲಿ ನಾನು ನೋಡಿರದ ಪಟ್ಟಿ. ಅಕ್ಟೋಬರ್ ಕೊನೆಯಲ್ಲಿ, ಬೆಳಗಾಗುವ ಹೊತ್ತಿಗೆ, ಸಿಂಹ ರಾಶಿಯ ಕೆಳಗೆ, ಅಲ್ಲಿ ಒಂದು ಮಸುಕು ಕಂಡಿತು.

“ಕಿನುಯೆ! ಸಿಂಹದ ಹಿಂಗಾಲಿನ ಕೆಳಗೆ ಏನಾದ್ರೂ ಬರ್ದಿದೆಯೇನೇ?” ಎಂದು ಕೂಗಿದೆ.

ಕೆಳಗಿನಿಂದ ನಿನ್ನ ದನಿ ಬಂತು. “ಏನೂ ಇಲ್ಲಪ್ಪಾ.”

“ಸರಿಯಾಗಿ ನೋಡ್ದ್ಯಾ?”

“ನೋಡ್ದೆ ಅಂದ್ನಲ್ಲಪ್ಪಾ!”

ಪುಸ್ತಕ ಮನೆಯಲ್ಲೇ ಇರಲಿಲ್ಲ, ಅದು ರೇಜಿಯ ಬಳಿ ಇತ್ತು ಎಂದು ಈಗ ಬರೆದಿದ್ದೀಯ. ಅವನು ನಿನಗೆ ಕಾದಂಬರಿ ಕೊಡುತ್ತಿದ್ದ, ನೀನು ಅವನಿಗೆ ಗ್ಯಾಲಕ್ಸಿ ಕೊಟ್ಟೆ. ನನ್ನ ಭಯಕ್ಕೆ ಸುಳ್ಳು ಹೇಳಿದೆ. ಇದನ್ನು ಹದಿನಾಲ್ಕು ವರ್ಷ ಹೊಟ್ಟೆಯೊಳಗೆ ಕಲ್ಲಿನ ಹಾಗೆ ಹೊತ್ತುಕೊಂಡಿದ್ದೀಯ.

ಈಗ ನನ್ನದು ಕೇಳು.

ನಾನು ಏಣಿ ಇಳಿದು ಒಳಗೆ ಬಂದೆ. ನೀನು ಅಡುಗೆಮನೆಯಲ್ಲಿ ನನಗೆ ಬೆನ್ನು ಮಾಡಿ ಮೂಲಂಗಿ ಹೆಚ್ಚುತ್ತಿದ್ದೆ. ನಾನು ಕಪಾಟು ನೋಡಿದೆ. ದಪ್ಪ ಪುಸ್ತಕದ ಜಾಗದಲ್ಲಿ ಕೆಂಪು ರಟ್ಟಿನ ಯಾವುದೋ ಕಾದಂಬರಿ ನಿಂತಿತ್ತು. ನೋಡಿದೆ, ಕಿನುಯೆ. ಪುಸ್ತಕ ಮನೆಯಲ್ಲಿಲ್ಲ, ನೀನು ನೋಡಿಲ್ಲ ಎಂದು ನನಗೆ ಅಲ್ಲೇ ಗೊತ್ತಾಯಿತು.

ಕೇಳಬಹುದಿತ್ತು. ಕೇಳಿದ್ದರೆ ಕಾಯಬೇಕಾಗುತ್ತಿತ್ತು. ಆಗಲೇ ಬೆಳಕು ಹರಿದಿತ್ತು, ಮಸುಕು ಅಳಿಸಿಹೋಗಿತ್ತು. ಮರುದಿನ ಮೋಡ ಎಂದು ರೇಡಿಯೋದಲ್ಲಿ ಹೇಳಿದ್ದರು. ಆ ಹೊತ್ತಿಗೆ ಇನ್ನೆಲ್ಲೋ ಯಾವನೋ ಸೂಟು ಹಾಕಿದವನು ನೋಡಿ ತನ್ನ ಹೆಸರು ಕಳಿಸಿಬಿಟ್ಟರೆ? ನಾನು ನಿನ್ನ ಬೆನ್ನು ನೋಡಿದೆ, ಕಪಾಟು ನೋಡಿದೆ, ಚಹಾ ಕುಡಿದೆ, ಒಗೆದ ಅಂಗಿ ಹಾಕಿಕೊಂಡು ತಂತಿ ಕಚೇರಿಗೆ ಹೋದೆ.

ಅಲ್ಲಿದ್ದ ಹೆಂಗಸು “ಏನ್ ಯಜಮಾನ್ರೇ, ಬೆಳಬೆಳಿಗ್ಗೆ ತಂತಿ? ಯಾರು ಹೋಗ್ಬಿಟ್ರು?” ಎಂದಳು.

“ಯಾರೂ ಹೋಗಿಲ್ಲ ಕಣಮ್ಮ, ಬಂದಿದೆ. ಬೇಗ ಬರ್ಕೋ” ಎಂದೆ. ಮನುಷ್ಯ ಜನ್ಮದಲ್ಲಿ ಅಷ್ಟು ಸಂತೋಷ ನನಗೆ ಮತ್ತೆ ಆಗಲಿಲ್ಲ.

ನಾನು ತಂತಿ ಕಳಿಸಿದ್ದ ಟೋಕಿಯೊ ವೀಕ್ಷಣಾಲಯದಿಂದ ಉತ್ತರ ಹತ್ತು ದಿನಕ್ಕೆ ಬಂತು. ನೀವು ಹೇಳಿದ ಜಾಗದಲ್ಲಿರುವುದು ಗ್ಯಾಲಕ್ಸಿ, ಸುಮಾರು ಇನ್ನೂರು ವರ್ಷದಿಂದ ಎಲ್ಲರಿಗೂ ಗೊತ್ತಿರುವುದು ಎಂದು. ಕಾಗದ ನನ್ನ ಹೆಸರಿಗೆ ಬರಲಿಲ್ಲ, ನಮ್ಮ ನಕ್ಷತ್ರ ಕೂಟದ ಹೆಸರಿಗೆ ಬಂತು. ಊರಿನ ಸಾರ್ವಜನಿಕ ಸ್ನಾನದ ಮನೆ ನಡೆಸುವ ಉಶಿಯಾಮಾ ಅದನ್ನು ಅಲ್ಲಿನ ಮಹಡಿಯ ಸಭೆಯಲ್ಲಿ ಎಂಟು ಜನರ ಮುಂದೆ ಗಟ್ಟಿಯಾಗಿ ಓದಿದ.

“ಗೊನ್ಜೊ ಮಾವ, ಅದು ಓಡೋ ಜಾತಿ ಅಲ್ಲ, ಕೂತ್ಕೊಳ್ಳೋ ಜಾತಿ” ಎಂದ. “ಮೂರು ಕೋಟಿ ವರ್ಷದಿಂದ ಅಲ್ಲೇ ಕೂತಿದೆ. ನೀವು ಹೋಗಿ ಸ್ವಲ್ಪ ತಳ್ಳಿ ನೋಡಿ, ಜರುಗಿದ್ರೆ ನಿಮ್ಮ ಹೆಸರೇ ಇಡ್ತಾರೆ.”

“ಕತ್ತಿ ಮಸ್ಯೋರಿಗೆ ತಾಳ್ಮೆ ಜಾಸ್ತಿ ಅಂತಿದ್ರಪ್ಪ!” ಎಂದ ಇನ್ನೊಬ್ಬ.

ನಕ್ಕರು. ನಾನೂ ಹಲ್ಲು ಕಿರಿದೆ. ಅಷ್ಟಕ್ಕೇ ನಿಂತಿದ್ದರೆ ಆಗುತ್ತಿತ್ತು. ಮೂಲೆಯಲ್ಲಿದ್ದ ರೇಜಿ ಕೈಚೀಲದಿಂದ ಆ ದಪ್ಪ ಪುಸ್ತಕ ತೆಗೆದ. ನನ್ನ ಪುಸ್ತಕ, ರಟ್ಟಿನ ಮೇಲೆ ನನ್ನ ಚಹಾ ಲೋಟದ ಕಲೆ. ಪುಟ ಬಿಡಿಸಿ, ಎರಡೂ ಕೈಯಲ್ಲಿ ಹಿಡಿದು ನನ್ನ ಮುಂದೆ ಚಾಚಿದ.

“ಇಲ್ಲಿದೆ ನೋಡಿ ಗೊನ್ಜೊ-ಸಾನ್. ಧೂಮಕೇತು ಥರಾನೇ ಕಾಣತ್ತೆ ಅಂತ ಇವರೂ ಬರ್ದಿದಾರೆ. ಯಾರಿಗಾದ್ರೂ ಮೋಸ ಆಗೋದೇ” ಎಂದ.

ಅವನು ಸಮಾಧಾನ ಹೇಳುತ್ತಿದ್ದ. ಅಲ್ಲಿ ನಗದೇ ಇದ್ದವನು ಅವನೊಬ್ಬನೇ. ನನಗೆ ಅದು ಆಗಲೇ ಗೊತ್ತಿತ್ತು, ಬೇಕಾದರೆ ಎರಡು ಸಲ ಬರೆಯುತ್ತೇನೆ.

ಮೇಜಿನ ಮೇಲೆ ಹೊಸ ದೂರದರ್ಶಕದ ಬಿಡಿಭಾಗಗಳು ಬಿದ್ದಿದ್ದವು. ಕೊಳವೆ ಒಂದು ಕಡೆ ವಾಲದ ಹಾಗೆ ಹಿಂದೆ ಸಿಕ್ಕಿಸುವ ಕಬ್ಬಿಣದ ಬಿಲ್ಲೆ ಕೈಗೆ ಸಿಕ್ಕಿತು. ಎತ್ತಿ ಹೊಡೆದೆ. ಎಲ್ಲಿ ಬಿತ್ತು ಎಂದು ನೋಡಲಿಲ್ಲ. ಹಸಿ ಕುಂಬಳಕಾಯಿ ಬಿದ್ದ ಸದ್ದು. ಅವನು ಕೂಗಲೂ ಇಲ್ಲ, ಪುಸ್ತಕವನ್ನು ಎದೆಗೆ ಅವುಚಿಕೊಂಡು ಕುಸಿದ. ಮತ್ತೆ ಹೊಡೆದೆ, ಭುಜ ಮುರಿಯಿತು. ಉಶಿಯಾಮಾ ನನ್ನ ಸೊಂಟ ಹಿಡಿದ, ಅವನ ಕೈ ಕಚ್ಚಿ ಚರ್ಮ ಉಗಿದೆ. ರೇಜಿಯ ಕಾಲು ಹಿಡಿದು ಮೆಟ್ಟಿಲ ಮೇಲೆ ಎಳೆದೆ. ಹನ್ನೆರಡು ಮೆಟ್ಟಿಲು, ಹನ್ನೆರಡರಲ್ಲೂ ಅವನ ತಲೆ ಬಡಿಯಿತು. “ಕಳ್ಳ! ಪುಸ್ತಕದ ಕಳ್ಳ!” ಎಂದು ಊರೆಲ್ಲ ಕೇಳುವ ಹಾಗೆ ಕೂಗಿದೆ. ಕೆಳಗೆ ಸ್ನಾನ ಮಾಡುತ್ತಿದ್ದವರು ಒದ್ದೆ ಮೈಯಲ್ಲೇ ಓಡಿಬಂದು ನನ್ನ ಮೇಲೆ ಬಿದ್ದರು. ಬೀಳದಿದ್ದರೆ ಅವನು ಉಳಿಯುತ್ತಿರಲಿಲ್ಲ.

ಮನೆಗೆ ಬಂದು ನಿನ್ನ ಕೂದಲು ಹಿಡಿದೆ. “ನನ್ನ ಪುಸ್ತಕ ಅವನಿಗ್ಯಾಕೆ ಕೊಟ್ಟೆ? ನನ್ನ ಮಾನ ಅವನಿಗ್ಯಾಕೆ ಮಾರ್ದೆ?” ಎಂದು ಹೊಡೆದೆ. ತುಟಿ ಹರಿಯಿತು. ನೀನು “ತಪ್ಪಾಯ್ತಪ್ಪಾ, ನಂದೇ ತಪ್ಪು” ಎಂದು ಹೊಡೆಸಿಕೊಂಡೆ. ಕಪಾಟಿನಲ್ಲಿ ಪುಸ್ತಕ ಇಲ್ಲದ್ದನ್ನು ಕಣ್ಣಾರೆ ಕಂಡು, ಎಲ್ಲ ತಿಳಿದೂ ತಂತಿ ಕಳಿಸಿದವನು, ಅದೇ ಕಪಾಟಿನ ಮುಂದೆ ನಿನ್ನನ್ನು ಹೊಡೆದ. ಇದು ನಿನಗೆ ಗೊತ್ತಿರಲಿಲ್ಲ. ನನಗೆ ಪ್ರತಿ ದಿನ ಗೊತ್ತಿತ್ತು.

ಪೊಲೀಸರು ಬಂದಾಗ ರೇಜಿ ಆಸ್ಪತ್ರೆಯ ಹಾಸಿಗೆಯಲ್ಲಿ, ಸ್ನಾನದ ಮನೆಯ ಒದ್ದೆ ಮೆಟ್ಟಿಲಲ್ಲಿ ಜಾರಿದೆ ಎಂದ. ಸಭೆಯಲ್ಲಿದ್ದ ಮಿಕ್ಕವರೂ ಅದನ್ನೇ ಹೇಳಿದರು. ಅದು ನಿನಗಾಗಿ. ನಾನು ಜೈಲಿಗೆ ಹೋಗಲಿಲ್ಲ. ಅವನ ಬಳಿ ಹೋಗಿ ಉಳಿದಿದ್ದ ನಿನ್ನನ್ನು ಕರೆತರಲು ಆಸ್ಪತ್ರೆಗೆ ಬಂದೆ, ಬಾಗಿಲ ಗಾಜು ಒದ್ದು ಒಡೆದೆ, ನಾಲ್ಕು ಜನ ಸೇರಿ ಬೀದಿಗೆ ಎಸೆದರು. ನೀನು ಕಿಟಕಿಯಲ್ಲಿ ನಿಂತಿದ್ದೆ. ಪರದೆ ಎಳೆದುಕೊಂಡೆ. ಒಳ್ಳೆಯ ಕೆಲಸ ಮಾಡಿದೆ.

ಆಮೇಲೆ ಸುತ್ತಿಗೆ ತೆಗೆದುಕೊಂಡು ದೊಡ್ಡ ಕನ್ನಡಿ ಪುಡಿ ಮಾಡಿದೆ. ಮಾಡಿನ ಮೇಲೆ ಮತ್ತೆ ಹತ್ತಲಿಲ್ಲ. ಊರಿನಲ್ಲಿ ಯಾರಾದರೂ ಕೇಳಿದರೆ ‘ಪುಸ್ತಕ ಕದ್ದವನಿಗೆ ಬುದ್ಧಿ ಕಲಿಸಿದೆ’ ಎಂದೆ. ಒಬ್ಬ ‘ಪಾಪ’ ಎಂದದ್ದಕ್ಕೆ ಮೀನು ಮಾರುಕಟ್ಟೆಯಲ್ಲಿ ಅವನ ಎರಡು ಹಲ್ಲು ಉದುರಿಸಿದೆ.

ಅವನು ಭುಜ ಕೂಡಿಸಿಕೊಂಡ, ಉಳಿದ ಬಲಗಣ್ಣಿನಲ್ಲಿ ನೋಡುವುದನ್ನು ಕಲಿತ, ಮೇಷ್ಟ್ರಾದ, ನಿನ್ನನ್ನು ಮದುವೆಯಾದ, ಸಣ್ಣ ದೂರದರ್ಶಕದವರಿಗೆ ಗ್ಯಾಲಕ್ಸಿಯ ಪುಸ್ತಕ ಬರೆದ. ನಾನು ಅದನ್ನು ಓದಿಲ್ಲ ಎಂದುಕೊಂಡಿದ್ದೀಯ. ಸ್ಟೇಷನ್ ಪಕ್ಕದ ಅಂಗಡಿಯಲ್ಲಿ ಕೊಂಡೆ. ಕಷ್ಟದ ಅಕ್ಷರಗಳನ್ನು ನಿಘಂಟಿನಲ್ಲಿ ಹುಡುಕಿ ಒಂದು ಚಳಿಗಾಲ ಪೂರ್ತಿ ಓದಿದೆ. ಸಿಂಹದ ಕೆಳಗಿನ ಮಸುಕಿನ ಬಗ್ಗೆ ಅವನು ಬರೆದಿದ್ದಾನೆ: ಇದನ್ನು ಧೂಮಕೇತು ಎಂದುಕೊಂಡವರು ಬಹಳ ಜನ, ಅದರಲ್ಲಿ ನನಗಿಂತ ಒಳ್ಳೆಯ ಕಣ್ಣಿನವರೂ ಇದ್ದಾರೆ ಎಂದು. ಆ ಪುಟ ಹರಿದು ಒಲೆಗೆ ಹಾಕಿದೆ. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

ಈಗ ತಿಳಿಯಿತೇ? ನಿನ್ನ ಸುಳ್ಳು ನನಗೆ ತಲುಪಲೇ ಇಲ್ಲ. ಏಣಿ ಇಳಿದ ಕೂಡಲೇ ಅದು ಸತ್ತುಹೋಯಿತು. ನಿನ್ನ ಸುಳ್ಳನ್ನು ನಂಬಿ ನಾನು ತಂತಿ ಕಳಿಸಲಿಲ್ಲ, ಅದು ನನಗೆ ಅನುಕೂಲ ಎಂದು ಸುಮ್ಮನಿದ್ದೆ. ಎಲ್ಲರೆದುರು ಪುಸ್ತಕ ತೆರೆದಾಗ, ನಾನು ತಿಳಿದೂ ಮಾಡಿದ್ದು ಇವನಿಗೆ ಕಂಡುಬಿಟ್ಟಿತು ಎನಿಸಿತು. ಅದಕ್ಕೆ ಹೊಡೆದೆ. ಕಳ್ಳ ಎಂಬುದು ಆಮೇಲೆ ಹುಡುಕಿದ ಮಾತು.

ಭಾನುವಾರ ನೀನು ಬಾಯಿ ತೆರೆಯಬೇಡ. ಇಪ್ಪತ್ತು ವರ್ಷದ ಹುಡುಗಿ ಅಪ್ಪನ ಭಯಕ್ಕೆ ‘ಏನೂ ಇಲ್ಲ’ ಎಂದಳು. ಇದನ್ನು ಒಂದು ಕಣ್ಣಿನ ಬೆಲೆಗೆ ತೂಗುವವನು ತಕ್ಕಡಿ ಹಿಡಿಯಲು ಯೋಗ್ಯನಲ್ಲ. ಆ ಮೊದಲ ಪುಟ ಅವನು ಬರೆದ ಹಾಗೇ ಅಚ್ಚಾಗಲಿ. ಪುಸ್ತಕ ಕೊಟ್ಟವಳು ನೀನೇ.

ನನ್ನನ್ನು ಕ್ಷಮಿಸು ಎಂದು ಕೇಳುತ್ತಿಲ್ಲ. ಕೇಳಿದರೆ ನೀನು ಮಾಡಿಬಿಡುತ್ತೀಯ, ನಿನ್ನ ಬುದ್ಧಿ ನನಗೆ ಗೊತ್ತು.

ನಿನ್ನ ಅಪ್ಪ ಎಂದು ಬರೆಯಲು ಕೈ ಬಾರದವನು,
ಗೊನ್ಜೊ

ತಾ.ಕ.: ಇದೇ ಕಾಗದವನ್ನು ಮೊದಲು ರೇಜಿಗೆ ಬರೆದೆ. ನಿನ್ನ ಕೈಗೆ ಸಿಕ್ಕಿದರೆ ಒಲೆಗೆ ಹಾಕುತ್ತೀಯ ಎಂದು ಮೊನ್ನೆ ಬುಧವಾರ ಅವನ ಶಾಲೆಯ ವಿಳಾಸಕ್ಕೆ ರಿಜಿಸ್ಟರ್ ಮಾಡಿದೆ. ನೀನು ಇದನ್ನು ಓದುವ ಹೊತ್ತಿಗೆ ಅವನು ಓದಿಯಾಗಿರುತ್ತದೆ. ಅವನದಕ್ಕೂ ನಿನ್ನದಕ್ಕೂ ಒಂದೇ ಸಾಲಿನ ವ್ಯತ್ಯಾಸ. ‘ಎಲ್ಲಿ ಬಿತ್ತು ಎಂದು ನೋಡಲಿಲ್ಲ’ ಎಂದು ನಿನಗೆ ಬರೆದೆ. ಅವನಿಗೆ ಹಾಗೆ ಬರೆಯಲಾಗಲಿಲ್ಲ. ನಕ್ಷತ್ರ ನೋಡುವವರು ಒಂದು ಕಣ್ಣು ಮುಚ್ಚಿ ಇನ್ನೊಂದರಲ್ಲೇ ನೋಡುತ್ತೇವೆ, ಯಾರದು ಯಾವ ಕಣ್ಣು ಎಂದು ಕೂಟದಲ್ಲಿ ಎಲ್ಲರಿಗೂ ಗೊತ್ತು. ರೇಜಿಯದು ಎಡಗಣ್ಣು. ನಾನು ನೋಡಿಯೇ ಹೊಡೆದೆ.