ಪಕ್ಕದಲ್ಲಿ ಯಾರೂ ನಿಲ್ಲುವುದಿಲ್ಲ

ಮನೆಯಿಂದ, ಅಡುಗೆಮನೆಯ ಮೇಜಿನ ಮೇಲೆ
ಹನ್ನೊಂದನೇ ತಾರೀಖು, ಭಾನುವಾರ

ಅಕ್ಕಾ,

ಮೊದಲು ‘ಪ್ರೀತಿಯ ಅಕ್ಕ’ ಎಂದೇ ಬರೆದಿದ್ದೆ. ಆಮೇಲೆ ಆ ಹಾಳೆ ಹರಿದು ಬೇರೆ ತೆಗೆದುಕೊಂಡೆ. ಈ ಹೊತ್ತಿಗೆ ಅದು ನಿಜವಲ್ಲ. ಮೊದಲನೇ ಸಾಲಿನಲ್ಲೇ ಸುಳ್ಳು ಹೇಳಿದರೆ ಮುಂದಿನದನ್ನು ನೀನು ಯಾಕೆ ನಂಬಬೇಕು? ಆದರೂ ಕೇಳಬೇಕಾದದ್ದನ್ನು ಕೇಳುತ್ತೇನೆ. ನಿನ್ನ ಸೊಂಟನೋವು ಹೇಗಿದೆ? ಭಾವನ ಕೆಮ್ಮು ಹೋಯಿತೇ? ಪುಟ್ಟಿಯ ಮುಂದಿನ ಹಲ್ಲು ಬಿದ್ದಿದೆಯಂತೆ, ಅಮ್ಮ ಹೇಳಿದಳು. ಫೋಟೋ ತೆಗೆಯುವಾಗ ಬಾಯಿ ಮುಚ್ಚಿಕೋ ಎಂದು ಆ ಮಗುವಿಗೆ ಹೇಳಬೇಡ. ನಿನ್ನ ಬುದ್ಧಿ ನನಗೆ ಗೊತ್ತು.

ನಾವಿಲ್ಲಿ ಚೆನ್ನಾಗಿದ್ದೇವೆ ಎಂದು ಬರೆಯೋಣವೆಂದರೆ, ನಿನ್ನ ಪಾರ್ಸೆಲ್ಲು ಬರುವವರೆಗೆ ಚೆನ್ನಾಗಿದ್ದೆವು. ಗುರುವಾರ ನಾನು ಕೆಲಸ ಮುಗಿಸಿ ಬರುವಷ್ಟರಲ್ಲಿ ಅಮ್ಮ ಅದನ್ನು ಬಿಚ್ಚಿ ಮಂಚದ ತುಂಬ ಹರಡಿಕೊಂಡು ಕೂತಿದ್ದಳು. ಕಡುನೀಲಿ ಮಖಮಲ್ಲು, ಐದು ಜನಕ್ಕೆ ಒಂದೇ ಥರದ ಉಡುಪು ಹೊಲಿಸುವಷ್ಟು. ನೀನು ಫೋನಿನಲ್ಲಿ ಹೇಳಿದ್ದನ್ನು ಅಮ್ಮ ನಿನ್ನ ರಾಗದಲ್ಲೇ ಒಪ್ಪಿಸಿದಳು. “ನಾನು, ನನ್ನ ಆಫೀಸಿನ ನಾಲ್ಕು ಜನ ಫ್ರೆಂಡ್ಸು ಅವಳ ಪಕ್ಕ ನಿಂತ್ಕೋತೀವಮ್ಮ. ಅವಳಿಗೆ ಅಂತ ಯಾರಿದ್ದಾರೆ ಹೇಳು? ಒಬ್ಬಳೇ ನಿಂತ್ರೆ ದಿಕ್ಕಿಲ್ಲದೋಳ ಥರ ಕಾಣಲ್ವಾ?” ಆ ನಾಲ್ವರಲ್ಲಿ ಒಬ್ಬಳ ಮುಖವನ್ನೂ ನಾನು ನೋಡಿಲ್ಲ. ದಾರಿಯಲ್ಲಿ ಎದುರಾದರೆ ಪಕ್ಕಕ್ಕೆ ಸರಿದು ಹೋಗುವವರು ನನ್ನ ಮದುವೆಯಲ್ಲಿ ನನ್ನ ಪಕ್ಕಕ್ಕೆ ಬಂದು ನಿಲ್ಲುತ್ತಾರಂತೆ. ನನ್ನನ್ನು ಒಂದು ಮಾತು ಕೇಳಬೇಕು ಅಂತ ನಿನಗೆ ಅನ್ನಿಸಲೇ ಇಲ್ಲವಲ್ಲ!

ಕೇಳಿದ್ದರೆ ಹೇಳುತ್ತಿದ್ದೆ. ಮದುವೆ ಗೊತ್ತಾದ ದಿನವೇ ನಾನು ತೀರ್ಮಾನ ಮಾಡಿಬಿಟ್ಟಿದ್ದೇನೆ. ಒಂದೇ ಬಣ್ಣದ ಬಟ್ಟೆ ತೊಟ್ಟು ಸಾಲಾಗಿ ನಿಲ್ಲುವವರು ನನ್ನ ಪಕ್ಕ ಯಾರೂ ಇಲ್ಲ, ಅವನ ಪಕ್ಕವೂ ಇಲ್ಲ. ನಿಲ್ಲುವವರು ನಾವಿಬ್ಬರೇ, ಉಳಿದವರೆಲ್ಲ ಕೂರಲಿ. ಅವನು ಸುಲಭಕ್ಕೇನೂ ಒಪ್ಪಲಿಲ್ಲ. ಅವನು ಲಿಫ್ಟ್ ರಿಪೇರಿ ಮಾಡುವವನು ಎಂದು ನಿನಗೆ ಗೊತ್ತು, ಆದರೆ ನಮ್ಮ ಪರಿಚಯ ಹೇಗಾಯಿತೆಂದು ನೀನು ಇದುವರೆಗೂ ಕೇಳಿಲ್ಲ. ನಮ್ಮ ಕುಶನ್ ಅಂಗಡಿಯಿಂದ ಗಿರಾಕಿಯ ಮನೆಗೆ ಸೋಫಾ ಸಾಗಿಸುವಾಗ ಲಿಫ್ಟು ನಡುವೆಯೇ ಕೈಕೊಟ್ಟಿತು, ನಾನು ಅದೇ ಸೋಫಾದ ಮೇಲೆ ಕಾಲು ಮಡಚಿ ಕೂತಿದ್ದೆ. ಅವನು ಬಾಗಿಲು ಸರಿಸಿ ಇಣುಕಿ ನೋಡಿ, “ಇಲ್ಲೇ ಸಂಸಾರ ಹೂಡಿಬಿಟ್ರಾ?” ಅಂದ. ಅಷ್ಟೇ ನಮ್ಮ ಕಥೆ. ಅವನ ಜೊತೆ ಕೆಲಸ ಮಾಡುವ ಮೂವರಿದ್ದಾರೆ. ಅವರಲ್ಲಿ ದೊಡ್ಡವನನ್ನು ಎಲ್ಲರೂ ಗ್ರೀಸು ಎನ್ನುತ್ತಾರೆ. ವಿಷಯ ಗೊತ್ತಾದದ್ದೇ ಗ್ರೀಸಿಗೆ ರೇಗಿಹೋಯಿತು. “ಲಿಫ್ಟಿನ ಗುಂಡಿಗೆ ಇಳಿಯೋವಾಗ ಹಗ್ಗ ಹಿಡಿಯೋಕೆ ನಾವು ಬೇಕು, ಮದುವೇಲಿ ಪಕ್ಕದಲ್ಲಿ ನಿಲ್ಲೋಕೆ ಬೇಡ್ವೇನಪ್ಪ?” ಎಂದು ಕೇಳಿ, ಊಟದ ಡಬ್ಬಿ ಎತ್ತಿಕೊಂಡು ಬೇರೆ ಕಡೆ ಹೋಗಿ ಕೂತನಂತೆ. ನಮ್ಮವನು ಮುಖ ಇಳಿಬಿಟ್ಟುಕೊಂಡು ಬಂದು, “ನೀನೇ ಬಂದು ಹೇಳು, ನನ್ನ ಕೈಲಾಗಲ್ಲ” ಅಂದ. ಹೋಗಿ ಹೇಳಿದೆ. ಕಾರಣ ಸಮೇತ ಹೇಳಿದೆ. ಹಾಗಾಗಿ ನಿನಗೆ ಗೊತ್ತಿಲ್ಲದ್ದು ಈಗ ಮೂವರು ಲಿಫ್ಟಿನವರಿಗೆ ಗೊತ್ತು. ಅದು ನ್ಯಾಯವಲ್ಲ, ಅದಕ್ಕೇ ನಿನಗೂ ಬರೆಯುತ್ತಿದ್ದೇನೆ.

ನಿನ್ನ ಮದುವೆಯಲ್ಲಿ ಕೆಂಪು ಮಖಮಲ್ಲು ತೊಟ್ಟ ಆರು ಹುಡುಗಿಯರು ನಿನ್ನ ಪಕ್ಕ ನಿಂತಿದ್ದರು. ಕೊನೆಯವಳು ನಾನು. ಬಟ್ಟೆ ಸಾಲದೆ ದರ್ಜಿ ನನ್ನ ಉಡುಪನ್ನು ಮಿಕ್ಕ ತುಂಡಿನಲ್ಲಿ ಹೇಗೋ ಹೊಂದಿಸಿ, ತಲೆಕೆಳಗು ಮಾಡಿ ಕತ್ತರಿಸಿಬಿಟ್ಟಿದ್ದ. ಮಖಮಲ್ಲಿನ ಎಳೆ ಒಂದು ಕಡೆಗೆ ಮಲಗಿರುತ್ತದೆ, ತಿರುಗಿಸಿ ಕತ್ತರಿಸಿದರೆ ಅದೇ ಬಟ್ಟೆ ಬೆಳಕಿನಲ್ಲಿ ಬೇರೆ ಬಣ್ಣ ಕಾಣುತ್ತದೆ. ಇದೆಲ್ಲ ನನಗೆ ತಿಳಿದದ್ದು ಕುಶನ್ ಅಂಗಡಿ ಸೇರಿದ ಮೇಲೆ. ಆವತ್ತು ತಿಳಿದದ್ದು ಇಷ್ಟೇ, ದೀಪ ಹಾಕಿದ ಕೂಡಲೇ ನಾನೊಬ್ಬಳು ಒಣಗಿದ ಗಾಯದ ಬಣ್ಣಕ್ಕೆ ತಿರುಗಿದೆ. ಫೋಟೋದವನು, “ಆ ಕೊನೇ ಹುಡುಗಿ ಸ್ವಲ್ಪ ಆಚೆ ಹೋಗಮ್ಮ” ಅಂದ. ನೀನು ನಗುವನ್ನು ಹಾಗೇ ಇಟ್ಟುಕೊಂಡು, ತುಟಿ ಅಲ್ಲಾಡಿಸದೆ, “ಹೋಗೇ, ನಮ್ಮ ಬ್ಯಾಗುಗಳನ್ನ ನೋಡ್ಕೋ” ಅಂದೆ. ಹೋದೆ. ಅದಕ್ಕೆ ನನಗೆ ಸಿಟ್ಟಿಲ್ಲ, ಅದು ಬಟ್ಟೆಯ ತಪ್ಪು. ಬ್ಯಾಗುಗಳ ಹತ್ತಿರ ನಿಂತಿದ್ದಾಗ ಭಾವನ ದೊಡ್ಡಮ್ಮ ನಿನ್ನ ಕೈ ಹಿಡಿದುಕೊಂಡು ಆ ಕಡೆ ಬಂದರು. “ಯಾರಮ್ಮ ಈ ಹುಡುಗಿ? ಏನು ಓದ್ತಿದ್ದಾಳೆ?” ಎಂದು ಕೇಳಿದರು. ನಾನು ಶಾಲೆ ಬಿಟ್ಟು ಆಗ ಇನ್ನೂ ತಿಂಗಳಾಗಿರಲಿಲ್ಲ. ನೀನು ನನ್ನ ಮುಖ ನೋಡಿದೆ. ನೋಡಿಯೇ ಹೇಳಿದೆ, “ನಮ್ಮ ಜೊತೆ ಬಂದ ಹುಡುಗಿ” ಅಂತ. ದೊಡ್ಡಮ್ಮ ತಲೆಯಾಡಿಸಿ, ಕುಡಿದು ಮುಗಿಸಿದ್ದ ಖಾಲಿ ಲೋಟವನ್ನು ನನ್ನ ಕೈಗೆ ಕೊಟ್ಟು ಹೋದರು.

ನಿನಗೆ ಇದು ನೆನಪೇ ಇರಲಾರದು. ಲೋಟ ಹಿಡಿದುಕೊಂಡವಳಿಗೆ ನೆನಪಿದೆ. ನಾನು ಎರಡು ವಿಷಯದಲ್ಲಿ ಫೇಲಾಗಿದ್ದೆ, ಅದನ್ನು ಮುಚ್ಚಿಡುವುದಿಲ್ಲ. ಆದರೆ ಶಾಲೆ ಬಿಟ್ಟದ್ದು ಅದಕ್ಕಲ್ಲ, ಆ ಬೆಂಚಿನ ಮೇಲೆ ಕೂರಲು ನನ್ನಿಂದಾಗಲಿಲ್ಲ. ಕೂರಲಾಗದವಳು ಈಗ ದಿನವಿಡೀ ಜನ ಕೂರುವುದನ್ನೇ ಹೊಲಿಯುತ್ತೇನೆ, ಬೇಕಾದರೆ ನಗು. ಓದು ಬಿಟ್ಟಳು ಎಂದು ಹೇಳಿದ್ದರೂ ನಾನು ಸಹಿಸುತ್ತಿದ್ದೆ. ದಂಡ ಅಂದಿದ್ದರೂ ಸರಿಯೇ. ‘ದಂಡಪಿಂಡ, ನನ್ನ ತಂಗಿ’ ಅಂದಿದ್ದರೆ ಆವತ್ತು ನಕ್ಕು ಸುಮ್ಮನಾಗುತ್ತಿದ್ದೆ.

ಈಗ ನಿನ್ನ ಬಟ್ಟೆಯ ವಿಷಯ. ಟೈರಿನ ಅಂಗಡಿಯ ಮಹಡಿಯ ಮೇಲಿನ ಹಾಲಿನಲ್ಲಿ ಮದುವೆ. ಮೆಟ್ಟಿಲು ಹತ್ತುವಾಗ ರಬ್ಬರಿನ ವಾಸನೆ ಮೂಗಿಗೆ ಹೊಡೆಯುತ್ತದೆ, ಮೇಲೆ ಹೋದರೆ ಕಿಟಕಿಗಳು ದೊಡ್ಡವು, ಬೆಳಕು ಚೆನ್ನಾಗಿದೆ. ಕುರ್ಚಿಗಳು ಮಾತ್ರ ಹೊಟ್ಟೆ ಒಡೆದು ಸ್ಪಂಜು ಕಕ್ಕುತ್ತಿದ್ದವು. ಗ್ರೀಸು ನೋಡಿದ್ದೇ, “ಕೂತ್ಕೋ ಅಂದ್ರೆ ಕೂತ್ಕೋತೀವಿ ತಾಯಿ, ಆದ್ರೆ ಇದರ ಮೇಲಾ?” ಅಂದ. ಅವನು ಹೇಳಿದ್ದು ಸರಿ. ಎಲ್ಲರನ್ನೂ ಕೂರಿಸುತ್ತೇನೆ ಎಂದು ಹಟ ಹಿಡಿದವಳು ಕೂರಲು ಯೋಗ್ಯವಾದ ಕುರ್ಚಿ ಕೊಡಬೇಕು. ಶುಕ್ರವಾರ ನಿನ್ನ ಮಖಮಲ್ಲನ್ನು ಅಂಗಡಿಗೆ ಹೊತ್ತುಕೊಂಡು ಹೋಗಿ, ಆ ಕುರ್ಚಿಗಳಿಗೆ ಹೊದಿಸಲು ಕತ್ತರಿ ಹಾಕಿದೆ. ನಮ್ಮ ಯಜಮಾನರು ತುಟಿಗಳ ನಡುವೆ ಮೊಳೆ ಕಚ್ಚಿಕೊಂಡೇ ಮಾತಾಡುವ ಮನುಷ್ಯ. “ಸಿಟ್ಟನ್ನ ಬಟ್ಟೆ ಮೇಲೆ ತೀರಿಸ್ಕೋಬೇಡ ಮಗಳೇ. ತೀರಿಸ್ಲೇಬೇಕು ಅಂದ್ರೆ ಸುಕ್ಕಿಲ್ಲದ ಹಾಗೆ ತೀರಿಸು” ಎಂದರು. ಒಂದು ಸುಕ್ಕೂ ಇಲ್ಲ. ಅಮ್ಮ ಬಂದು ನೋಡಿ ಹಣೆ ಚಚ್ಚಿಕೊಂಡಳು. “ಅಯ್ಯೋ, ಮೈಮೇಲೆ ಹಾಕ್ಕೊಳ್ಳೋ ಬಟ್ಟೇನ ಕುಂಡಿ ಕೆಳಗೆ ಹಾಕಿದ್ಯಲ್ಲೇ! ಅವಳಿಗೆ ಏನಂತ ಹೇಳಲಿ?” ನೀನೇನೂ ಹೇಳಬೇಡ, ನಾನೇ ಬರೆಯುತ್ತೇನೆ ಅಂದೆ. ಬಟ್ಟೆ ಮುಂದಿನ ಎರಡು ಸಾಲು ಕುರ್ಚಿಗಳಿಗೂ ಸಾಕಾಯಿತು. ನಿನ್ನ ಗೆಳತಿಯರಿಗೆ ತಿಳಿಸು, ಅವರ ಉಡುಪಿನ ಮೇಲೆ ಲಿಫ್ಟಿನವರು ಆರಾಮಾಗಿ ಕೂರುತ್ತಾರೆ.

ಅಮ್ಮ ನಿನ್ನ ಫೋನಿಗೆ ಹೆದರಿಕೊಂಡು ಓಡಾಡುತ್ತಿದ್ದಾಳೆ. ಬಯ್ಯುವುದಿದ್ದರೆ ನನ್ನನ್ನು ಬಯ್ಯಿ, ಅವಳನ್ನು ಬಿಟ್ಟುಬಿಡು. ಭಾವನಿಗೆ ನಮಸ್ಕಾರ ತಿಳಿಸು. ಅವರ ದೊಡ್ಡಮ್ಮ ಸಿಕ್ಕರೆ, ಲೋಟ ಆವತ್ತೇ ತೊಳೆದಿಟ್ಟೆ ಎಂದು ಹೇಳು. ಪುಟ್ಟಿಗೆ, ಹಲ್ಲು ಬಿದ್ದ ಜಾಗಕ್ಕೂ ಸೇರಿಸಿ, ನನ್ನ ಮುತ್ತು.

ಇಂತಿ,
ನಿಮ್ಮ ಜೊತೆ ಬಂದ ಹುಡುಗಿ

ತಾ.ಕ.: ಅಂಚೆ ಡಬ್ಬಿಗೆ ಹಾಕಿ ಬರುತ್ತೇನೆಂದು ಅಮ್ಮ ಚಪ್ಪಲಿ ಮೆಟ್ಟಿಕೊಂಡು ಬಾಗಿಲಲ್ಲಿ ನಿಂತಿದ್ದಾಳೆ, ಬೇಗ ಬರೆಯುತ್ತೇನೆ. ಮುಂದಿನ ಸಾಲಿನಲ್ಲಿ ಒಂದು ಕುರ್ಚಿಗೆ ಬಟ್ಟೆಯನ್ನು ತಲೆಕೆಳಗು ಮಾಡಿ ಮೊಳೆ ಹೊಡೆದಿದ್ದೇನೆ. ಯಜಮಾನರು “ತಪ್ಪಾಗಿದೆ, ಬಿಚ್ಚು” ಅಂದರು, ಬಿಚ್ಚಲಿಲ್ಲ. ಬೆಳಕು ಬಿದ್ದರೆ ಅದೊಂದೇ ಬೇರೆ ಬಣ್ಣ ಕಾಣುತ್ತದೆ, ನೀನು ಹುಡುಕಬೇಕಾಗಿಲ್ಲ. ಅದು ನಿನ್ನದು. ಗೆಳತಿಯರು ಬೇಡ. ಇರುವ ಬಟ್ಟೆಯಲ್ಲೇ ಬಾ, ಬಂದು ಅದರ ಮೇಲೆ ಕೂತುಕೋ. ಅವನ ಕಡೆಯವರು ಯಾರಾದರೂ ನಿನ್ನನ್ನು ತೋರಿಸಿ, ಇವರು ಯಾರು ಎಂದು ನನ್ನನ್ನು ಕೇಳಿಯೇ ಕೇಳುತ್ತಾರೆ. ಏನು ಹೇಳಿಬಿಡುತ್ತಾಳೋ ಎಂದು ಹೆದರಬೇಡ. ನನಗೆ ಸುಳ್ಳು ಹೇಳಲು ಬರುವುದಿಲ್ಲ.